ಹೊಲಿಗೆ ಕಾಣುವ ಚಿತ್ರಗಳು

ಧಾರವಾಡದ ಮಾಳಮಡ್ಡಿಯಲ್ಲಿ ನನ್ನ ಗೆಳೆಯರೊಬ್ಬರ ಮನೆಯ ಪಡಸಾಲೆಯ ಗೋಡೆಗೆ ಒಂದು ಚಿತ್ರ ತೂಗುಹಾಕಿದೆ. ನಡುವೆ ಹಳೆಯ ಮದುವೆಯೊಂದರ ಗುಂಪು ಫೋಟೊ. ಕುರ್ಚಿಗಳ ಮೇಲೆ ಹಿರಿಯರು, ಕೆಳಗೆ ಜಮಖಾನೆಯ ಮೇಲೆ ಮಕ್ಕಳು, ಹಿಂದೆ ನಿಂತ ಹರೆಯದವರು. ಹಿಂದಿನ ಸಾಲಿನಲ್ಲಿ ಎಡದಿಂದ ಎರಡನೆಯವರು ಇಲ್ಲ. ಯಾರೋ ಬ್ಲೇಡಿನಿಂದ ಅವರನ್ನು ತಲೆಯಿಂದ ಸೊಂಟದವರೆಗೆ ಕೊರೆದು ತೆಗೆದಿದ್ದಾರೆ. ಆದರೆ ಕೊರೆದವರಿಗೆ ಒಂದು ತೊಡಕು ಎದುರಾಗಿದೆ. ಆ ಮನುಷ್ಯನ ಕೈ ಪಕ್ಕದಲ್ಲಿ ನಿಂತ ತಂಗಿಯ ಹೆಗಲ ಮೇಲಿತ್ತು. ಕೈ ತೆಗೆಯಹೋದರೆ ತಂಗಿಯ ಹೆಗಲೂ ಹೋಗುತ್ತದೆ. ಹಾಗಾಗಿ ನಾಲ್ಕು ಬೆರಳು ಉಳಿದುಕೊಂಡಿವೆ.

ಆ ತಂಗಿ ನನ್ನ ಗೆಳೆಯರ ಅವ್ವ. ಇಲ್ಲದವರು ಅವರ ಸೋದರಮಾವ. ಗೆಳೆಯರು ಚಿತ್ರಕಲಾ ಶಿಕ್ಷಕರು, ಗಂಡಸರನ್ನು ಪ್ರೀತಿಸುವ ಗಂಡಸು. ಹೆಸರು ಬರೆಯಬೇಡ ಎಂದಿದ್ದಾರೆ, ಬರೆಯುವುದಿಲ್ಲ. ಮಾಮಾ ಫೋಟೊದಿಂದ ಯಾಕೆ ಹೋದರು ಎಂಬುದನ್ನು ಆ ಮನೆಯಲ್ಲಿ ಯಾರೂ ಬಾಯಿಬಿಟ್ಟು ಹೇಳಿಲ್ಲ. ಮದುವೆಯಾಗಲಿಲ್ಲ, ಒಂದು ದಿನ ಊರು ಬಿಟ್ಟರು, ಅಷ್ಟೇ. ಗೆಳೆಯರು ಆ ಫೋಟೊದ ಸುತ್ತ ಲಗ್ನಪತ್ರಿಕೆಯ ಚೂರುಗಳನ್ನು, ಬಸ್ ಟಿಕೆಟ್‌ಗಳನ್ನು, ಕ್ಯಾಲೆಂಡರಿನ ದೇವಿಯ ಒಂದು ಕೈಯನ್ನು, ಕಪ್ಪು ಚಂದ್ರಕಾಳಿ ಸೀರೆಯ ತುಣುಕನ್ನು ಅಂಟಿಸಿದ್ದಾರೆ. ಕೊರೆದ ಜಾಗವನ್ನು ಮಾತ್ರ ಏನೂ ಮಾಡದೆ ಬಿಟ್ಟಿದ್ದಾರೆ. ಅಲ್ಲಿ ಹಿಂದಿನ ರಟ್ಟು ಕಾಣುತ್ತದೆ.

ಮನೆಗೆ ಬಂದ ಬಂಧುವೊಬ್ಬರು ಇದನ್ನು ನೋಡಿ, ‘ಇಂಥದ್ದನ್ನು ನಮ್ಮ ಎರಡನೇ ಇಯತ್ತೆಯ ಹುಡುಗನೂ ಮಾಡುತ್ತಾನೆ’ ಎಂದರಂತೆ. ಆ ಮಾತಿನಲ್ಲಿ ಹುರುಳಿಲ್ಲ ಎನ್ನುವಂತಿಲ್ಲ. ಕತ್ತರಿಸುವುದು, ಅಂಟಿಸುವುದು, ಕೈಗೆ ಮೆತ್ತಿಕೊಂಡ ಅಂಟನ್ನು ಚಡ್ಡಿಗೆ ಒರೆಸಿಕೊಳ್ಳುವುದು ನಾವೆಲ್ಲ ಶಾಲೆಯಲ್ಲಿ ಮಾಡಿದ್ದೇ. ಹಾಗಿದ್ದರೂ ಇದಕ್ಕೆ ಕೊಲಾಜ್ ಎಂಬ ಹೆಸರಿದೆ, ನೂರು ವರ್ಷ ಮೀರಿದ ಚರಿತ್ರೆಯಿದೆ, ಗಂಡು ಹೆಣ್ಣೆಂಬ ಎರಡೇ ಖಾನೆಗಳಲ್ಲಿ ಕೂರದ ಬದುಕುಗಳನ್ನು ಬದುಕಿದ ಹಲವು ಕಲಾವಿದರು ಬೇರೆಲ್ಲ ಬಿಟ್ಟು ಇದನ್ನೇ ಹಿಡಿದಿದ್ದಾರೆ. ಯಾಕೆ ಎಂಬುದೇ ಇಲ್ಲಿಯ ಪ್ರಶ್ನೆ. ಉತ್ತರ ಸಿಗುವುದು ನಮ್ಮ ಅಟ್ಟದ ಮೇಲಿನ ಟ್ರಂಕಿನಲ್ಲಿ ಎಂಬುದು ನನ್ನ ಅನಿಸಿಕೆ.

ಮೊದಲು ಕಲಾಚರಿತ್ರೆಯ ಬಾಯಿಪಾಠ. ಅಂಟಿಸು ಎಂಬ ಅರ್ಥದ ಫ್ರೆಂಚ್ ಕ್ರಿಯಾಪದದಿಂದ ಕೊಲಾಜ್ ಎಂಬ ಪದ ಬಂದಿದೆ. 1912ರಲ್ಲಿ ಪ್ಯಾರಿಸ್ಸಿನಲ್ಲಿ ಪಾಬ್ಲೊ ಪಿಕಾಸೊ ಒಂದು ಚಿತ್ರದೊಳಗೆ ಬೆತ್ತದ ಕುರ್ಚಿಯ ಹೆಣಿಗೆ ಅಚ್ಚಾಗಿದ್ದ ಮೇಜುಹಾಸಿನ ತುಂಡನ್ನು ಅಂಟಿಸಿ, ಸುತ್ತ ಚೌಕಟ್ಟಿನಂತೆ ಹಗ್ಗ ಸುತ್ತಿದರು. ಅದೇ ವರ್ಷ ಜಾರ್ಜ್ ಬ್ರಾಕ್ ಮರದ ಗೆರೆಗಳಿದ್ದ ಗೋಡೆಕಾಗದವನ್ನು ರೇಖಾಚಿತ್ರದ ಮೇಲೆ ಅಂಟಿಸಿದರು. ಪಠ್ಯಪುಸ್ತಕಗಳು ಆರಂಭವಾಗುವುದು ಇಲ್ಲಿಂದ. ಆದರೆ ಅದಕ್ಕೂ 140 ವರ್ಷ ಮೊದಲು, 1772ರಲ್ಲಿ, ಇಂಗ್ಲೆಂಡಿನಲ್ಲಿ ಮೇರಿ ಡೆಲನಿ ಎಂಬ 72 ವರ್ಷದ ವಿಧವೆ ಬಣ್ಣದ ಕಾಗದವನ್ನು ಎಸಳು ಎಸಳಾಗಿ ಕತ್ತರಿಸಿ ಹೂಗಳನ್ನು ಮಾಡತೊಡಗಿದ್ದರು. ಸುಮಾರು ಹತ್ತು ವರ್ಷಗಳಲ್ಲಿ ಸಾವಿರದ ಹತ್ತಿರ ಹೂಗಳಾದವು, ಈಗ ಅವು ಬ್ರಿಟಿಷ್ ಮ್ಯೂಸಿಯಂನಲ್ಲಿವೆ. ಹೆಂಗಸರು ಮನೆಯಲ್ಲಿ ಕೂತು ಮಾಡಿದ್ದು ಕಾಲಕ್ಷೇಪ, ಗಂಡಸರು ಕಫೆಯಲ್ಲಿ ಕೂತು ಮಾಡಿದ್ದು ಕ್ರಾಂತಿ. ಈ ಲೆಕ್ಕ ನಮಗೇನೂ ಹೊಸದಲ್ಲ.

ನಮ್ಮ ಕಡೆ ಈ ಕೆಲಸಕ್ಕೆ ಕೌದಿ ಎನ್ನುತ್ತಾರೆ. ಸವೆದ ಸೀರೆ, ಹರಿದ ಧೋತರ, ಮಗುವಿಗೆ ಚಿಕ್ಕದಾದ ಅಂಗಿ, ಬಣ್ಣ ಹೋದ ಕುಪ್ಪಸ, ಇವನ್ನೆಲ್ಲ ಪದರ ಪದರವಾಗಿ ಹಾಸಿ, ಮೇಲೆ ಚೌಕ ತುಂಡುಗಳನ್ನು ಜೋಡಿಸಿ, ದಪ್ಪ ಸೂಜಿಯಿಂದ ಉದ್ದಕ್ಕೂ ಹೊಲಿಗೆ ಹಾಕುತ್ತಾರೆ. ಹೊದ್ದು ಮಲಗಿದವನಿಗೆ ಒಂದೊಂದು ತುಂಡೂ ಯಾರದೆಂದು ಗೊತ್ತಿರುತ್ತದೆ. ಇದು ಅಜ್ಜಿಯ ಇಳಕಲ್ ಸೀರೆಯ ಅಂಚು, ಇದು ಅಪ್ಪನ ಪಟ್ಟಾಪಟ್ಟಿ. ತುಂಡು ತನ್ನ ಹಳೆಯ ಮನೆಯನ್ನು ಮರೆತಿಲ್ಲ, ಹೊಸ ಮನೆಯಲ್ಲಿ ಕೆಲಸವನ್ನೂ ಮಾಡುತ್ತಿದೆ. ಕೊಲಾಜಿನ ತತ್ತ್ವವೆಂದು ಪುಟಗಟ್ಟಲೆ ಬರೆಯುವುದೆಲ್ಲ ಇಷ್ಟೇ. ಕುಂಚದಿಂದ ಬರೆದ ಬಸ್ ಟಿಕೆಟ್ ಬಸ್ ಟಿಕೆಟಿನ ಚಿತ್ರ. ಅಂಟಿಸಿದ ಬಸ್ ಟಿಕೆಟ್ ಒಂದು ದಿನ ಒಬ್ಬರು ಹುಬ್ಬಳ್ಳಿಯಿಂದ ಗದಗಕ್ಕೆ ಹೋದದ್ದಕ್ಕೆ ಸಾಕ್ಷಿ. ಕಂಡಕ್ಟರು ಹರಿದ ಗುರುತು ಅದರಲ್ಲಿದೆ.

ಕೌದಿಯ ಪಕ್ಕದಲ್ಲಿ ಕಸೂತಿಯನ್ನು ಇಟ್ಟು ನೋಡಿದರೆ ಮುಖ್ಯ ಮಾತು ಸಿಗುತ್ತದೆ. ಧಾರವಾಡದ ಕಸೂತಿಯಲ್ಲಿ ಗವಂತಿ, ಮುರಗಿ, ನೇಯ್ಗೆ, ಮೆಂತೆ ಎಂದು ನಾಲ್ಕು ಬಗೆಯ ಹೊಲಿಗೆಗಳಿವೆ. ಗವಂತಿಯಲ್ಲಿ ಸೂಜಿ ಒಮ್ಮೆ ಹೋಗುತ್ತಾ ಬಿಟ್ಟ ಜಾಗವನ್ನು ತಿರುಗಿ ಬರುತ್ತಾ ತುಂಬುತ್ತದೆ, ಆದ್ದರಿಂದ ಬಟ್ಟೆಯ ಮುಂದೆಯೂ ಹಿಂದೆಯೂ ಒಂದೇ ಗೋಪುರ, ಒಂದೇ ತೇರು. ಗಂಟು ಎಲ್ಲಿಯೂ ಕಾಣಬಾರದು. ಕಾಣದಿರುವುದೇ ಕಸೂತಿಯ ಹೆಮ್ಮೆ. ಕೌದಿಗೆ ಆ ಹಂಗಿಲ್ಲ. ಕೌದಿಯಲ್ಲಿ ಹೊಲಿಗೆ ಎದ್ದು ಕಾಣಬೇಕು, ಕಂಡರೇ ಚೆಂದ, ಅದೇ ಅದರ ಅಲಂಕಾರ.

ಮನೆಯ ಆಲ್ಬಮ್ ಕಸೂತಿಯ ಜಾತಿಗೆ ಸೇರಿದ್ದು. ನಾಮಕರಣ, ಜವಳ, ಎಸ್‌ಎಸ್‌ಎಲ್‌ಸಿ, ಮದುವೆ, ಸೀಮಂತ, ಮತ್ತೆ ನಾಮಕರಣ. ಮುಂದೆ ನೋಡಿದರೂ ಹಿಂದೆ ನೋಡಿದರೂ ಒಂದೇ ತೇರು, ಗಂಟಿಲ್ಲ. ಗಂಟು ಬಿದ್ದವರನ್ನು ಬ್ಲೇಡಿನಿಂದ ತೆಗೆದಿರುತ್ತಾರೆ, ಇಲ್ಲವೇ ಫೋಟೊ ತೆಗೆಯುವಾಗ ‘ಸ್ವಲ್ಪ ಆ ಕಡೆ ನಿಲ್ಲಪ್ಪ’ ಎಂದಿರುತ್ತಾರೆ. ಕತ್ತರಿ ಮೊದಲು ಹಿಡಿದವರು ಕಲಾವಿದರಲ್ಲ. ನನ್ನ ಗೆಳೆಯರು ಎರಡನೆಯವರು.

ಇಲ್ಲಿ ‘ಕ್ವಿಯರ್’ ಎಂಬ ಪದದ ಬಗ್ಗೆ ಎರಡು ಮಾತು ಹೇಳಬೇಕು. ಇಂಗ್ಲಿಷಿನಲ್ಲಿ ಅದರ ಮೂಲ ಅರ್ಥ ವಿಚಿತ್ರ ಎಂದು. ಬಹಳ ಕಾಲ ಅದು ಬೈಗುಳವಾಗಿತ್ತು. 1990ರ ಸುಮಾರಿಗೆ ಅಮೆರಿಕದ ಹೋರಾಟಗಾರರು ಆ ಬೈಗುಳವನ್ನೇ ಎತ್ತಿಕೊಂಡು ತಮ್ಮ ಹೆಸರಾಗಿ ಮಾಡಿಕೊಂಡರು. ಸಲಿಂಗಪ್ರೇಮಿಗಳು, ಉಭಯಲಿಂಗಪ್ರೇಮಿಗಳು, ಟ್ರಾನ್ಸ್‌ಜೆಂಡರ್ ವ್ಯಕ್ತಿಗಳು, ಯಾವ ಹೆಸರಿಗೂ ಒಗ್ಗದವರು ಎಲ್ಲರೂ ಅದರ ಕೆಳಗೆ ನಿಲ್ಲಬಹುದು. ಕನ್ನಡದಲ್ಲಿ ‘ಲೈಂಗಿಕ ಅಲ್ಪಸಂಖ್ಯಾತರು’ ಎಂಬ ಮಾತು ಬಳಕೆಯಲ್ಲಿದೆ. ಸರಕಾರಿ ಅರ್ಜಿಗೆ ಅದು ಸರಿ, ಪ್ರೀತಿಸುವವರನ್ನು ಕರೆಯಲು ಒರಟು. ನಾನು ಇಲ್ಲಿ ಕ್ವಿಯರ್ ಎಂದೇ ಬರೆಯುತ್ತೇನೆ.

ಈ ಬದುಕುಗಳ ನೆನಪು ಎಲ್ಲಿರುತ್ತದೆ? ಮನೆಯ ಆಲ್ಬಮ್‌ನಲ್ಲಿ ಇಲ್ಲ ಎಂದಾದರೆ ಪೊಲೀಸು ಮತ್ತು ಕೋರ್ಟಿನ ಕಡತದಲ್ಲಿ. 1884ರಲ್ಲಿ ಅಲಹಾಬಾದ್ ಹೈಕೋರ್ಟಿನ ಮುಂದೆ ಖೈರಾತಿ ಎಂಬ ವ್ಯಕ್ತಿಯ ಮೊಕದ್ದಮೆ ಬಂತು. ಹೆಣ್ಣಿನ ಉಡುಗೆ ಉಟ್ಟು ಹೆಂಗಸರ ಜೊತೆ ಹಾಡುತ್ತಿದ್ದಾಗ ಪೊಲೀಸರು ಹಿಡಿದಿದ್ದರು. ‘ನಿಸರ್ಗಕ್ಕೆ ವಿರುದ್ಧವಾದ’ ಸಂಭೋಗವನ್ನು ಅಪರಾಧವೆನ್ನುತ್ತಿದ್ದ ಭಾರತೀಯ ದಂಡಸಂಹಿತೆಯ 377ನೇ ಕಲಮಿನಡಿ ಕೆಳಗಿನ ನ್ಯಾಯಾಲಯ ಶಿಕ್ಷೆ ಕೊಟ್ಟಿತ್ತು. ಯಾವಾಗ, ಎಲ್ಲಿ, ಯಾರೊಂದಿಗೆ ಅಪರಾಧ ನಡೆಯಿತೆಂದು ಹೇಳದ ಆರೋಪ ನಿಲ್ಲುವುದಿಲ್ಲ ಎಂದು ಹೈಕೋರ್ಟು ಬಿಡುಗಡೆ ಮಾಡಿತು. ಈ ತೀರ್ಪನ್ನು ಕಾನೂನು ವಿದ್ಯಾರ್ಥಿಗಳು ಇಂದಿಗೂ ಓದುತ್ತಾರೆ. ವೈದ್ಯಕೀಯ ತಪಾಸಣೆಯಲ್ಲಿ ಆ ದೇಹದ ಮೇಲೆ ಏನೇನು ಕಂಡಿತೆಂಬುದು ಅದರಲ್ಲಿದೆ. ಖೈರಾತಿ ಅಂದು ಯಾವ ಹಾಡು ಹಾಡುತ್ತಿದ್ದರು ಎಂಬುದಿಲ್ಲ. 1871ರ ಅಪರಾಧಿ ಬುಡಕಟ್ಟುಗಳ ಕಾಯಿದೆಯ ಎರಡನೇ ಭಾಗವೂ ಹೀಗೆಯೇ. ಅದು ‘ನಪುಂಸಕರ’ ಹೆಸರು, ವಿಳಾಸ, ಆಸ್ತಿಗಳ ಪಟ್ಟಿ ಇಡಬೇಕೆಂದಿತು. ಪಟ್ಟಿಯಲ್ಲಿದ್ದವರು ಹೆಣ್ಣುಡುಗೆ ತೊಟ್ಟು ಬೀದಿಯಲ್ಲಿ ಕಂಡರೆ, ಕುಣಿದರೆ, ಜೈಲು. ದಾಖಲೆ ಬೇಕಾದಷ್ಟಿದೆ, ಆದರೆ ಬೇಟೆಗಾರನ ದಾಖಲೆ.

ಇಂಥ ಕಡತವನ್ನು ಕೈಗೆ ಕೊಟ್ಟು ನೆನಪಿನ ಚಿತ್ರ ಬರೆ ಎಂದರೆ ಕಲಾವಿದ ಏನು ಮಾಡಬೇಕು? ಕಡತವನ್ನು ಹಾಗೆಯೇ ತೋರಿಸಿದರೆ ಪೊಲೀಸನ ಕಣ್ಣಿನಿಂದಲೇ ನೋಡಿದ ಹಾಗಾಯಿತು. ಕಲ್ಪಿಸಿಕೊಂಡು ಸುಂದರ ತೈಲಚಿತ್ರ ಬರೆದರೆ ಕಡತದ ಹಿಂಸೆಯೇ ಮಾಯವಾಯಿತು. ಕೊಲಾಜ್ ಎರಡನ್ನೂ ಒಂದೇ ಹಾಳೆಯ ಮೇಲೆ ಇಡಬಲ್ಲದು. ಕಡತದ ಸಾಲನ್ನು ಕತ್ತರಿಸಿ, ಅದರ ಪಕ್ಕದಲ್ಲಿ ಬೇರೆಲ್ಲಿಂದಲೋ ತಂದ ತಂಬೂರಿಯನ್ನು ಅಂಟಿಸಬಹುದು. ತಂಬೂರಿ ಕಡತದಲ್ಲಿ ಇರಲಿಲ್ಲ ಎಂಬುದು ಅಂಚಿನಿಂದಲೇ ತಿಳಿಯುತ್ತದೆ. ಕಲಾವಿದ ಸುಳ್ಳು ಹೇಳಲಿಲ್ಲ, ಸುಮ್ಮನೆಯೂ ಕೂರಲಿಲ್ಲ. ಅಂಚು ಕಾಣುವುದಕ್ಕೆ ಇಷ್ಟು ಬೆಲೆ ಬರುವುದು ಇದಕ್ಕಾಗಿ.

ಹಾಗೆ ನೋಡಿದರೆ ನೆನಪು ಎಂಬುದೇ ಅಂಟಿಸಿದ್ದು. ಬ್ರಿಟಿಷ್ ಮನಶ್ಶಾಸ್ತ್ರಜ್ಞ ಫ್ರೆಡರಿಕ್ ಬಾರ್ಟ್ಲೆಟ್ ತಮ್ಮ ಪ್ರಯೋಗಗಳ ವಿವರಗಳನ್ನು 1932ರಲ್ಲಿ ಪ್ರಕಟಿಸಿದರು. ಅಮೆರಿಕದ ಮೂಲನಿವಾಸಿಗಳ ಒಂದು ಕತೆಯನ್ನು ಓದಲು ಕೊಟ್ಟು, ಆಮೇಲೆ ಮತ್ತೆ ಮತ್ತೆ ಹೇಳಿಸಿದ್ದರು. ಹೇಳುವವರು ತಮಗೆ ಅಪರಿಚಿತವಾದದ್ದನ್ನು ಬಿಡುತ್ತಾ, ಪರಿಚಿತವಾದದ್ದನ್ನು ಸೇರಿಸುತ್ತಾ ಹೋದರು. ನೆನಪೆಂಬುದು ಪೆಟ್ಟಿಗೆಯಿಂದ ಫೋಟೊ ತೆಗೆದಂತೆ ಅಲ್ಲ, ಪ್ರತಿಸಲವೂ ಹೊಸದಾಗಿ ಕಟ್ಟಿದಂತೆ. ನಮ್ಮ ಮನೆಗಳಲ್ಲಿ ಕೂಡ ‘ಅವನು ಮದುವೆಯಾಗಲಿಲ್ಲ’ ಎಂಬ ಕತೆ ಹತ್ತು ಬಾಯಿ ದಾಟುವಷ್ಟರಲ್ಲಿ ‘ಅವನು ಸನ್ಯಾಸಿಯಂತಿದ್ದ’ ಎಂದಾಗಿರುತ್ತದೆ.

ಯುರೋಪಿನ ಕೊಲಾಜ್ ಕಲಾವಿದರಲ್ಲಿ ನನಗೆ ಹತ್ತಿರದವರು ಬರ್ಲಿನ್ನಿನ ಹಾನ್ನಾ ಹ್ಯೋಖ್ (1889–1978). ಹತ್ತಿರದವರೆನ್ನಲು ಕಾರಣ ಅವರ ಹೊಟ್ಟೆಪಾಡು. 1916ರಿಂದ ಹತ್ತು ವರ್ಷ ಅವರು ಉಲ್‌ಸ್ಟೈನ್ ಪ್ರಕಾಶನ ಸಂಸ್ಥೆಯ ಕರಕುಶಲ ವಿಭಾಗದಲ್ಲಿ ಕಸೂತಿ, ಲೇಸು, ಉಡುಪುಗಳ ವಿನ್ಯಾಸ ಬರೆಯುತ್ತಿದ್ದರು. ಆ ಸಂಸ್ಥೆಯೇ ದೊಡ್ಡ ಸಚಿತ್ರ ಪತ್ರಿಕೆಗಳನ್ನು ಅಚ್ಚು ಹಾಕುತ್ತಿತ್ತು. ಹಗಲು ಗಂಟು ಕಾಣದ ಕಸೂತಿಗೆ ವಿನ್ಯಾಸ ಬರೆದು, ಬಿಡುವಿನಲ್ಲಿ ಪತ್ರಿಕೆಗಳನ್ನು ಕತ್ತರಿಸಿ ಗಂಟೇ ಗಂಟಾದ ಚಿತ್ರಗಳನ್ನು ಮಾಡಿದರು. 1919–20ರ ಅವರ ಪ್ರಸಿದ್ಧ ಕೊಲಾಜಿನ ಉದ್ದನೆಯ ಹೆಸರು ಶುರುವಾಗುವುದೇ ‘ಅಡುಗೆಮನೆಯ ಚಾಕುವಿನಿಂದ ಕೊಯ್ದದ್ದು’ ಎಂದು. ಅದರಲ್ಲಿ ಮಂತ್ರಿಗಳು, ಸೇನಾಪತಿಗಳು, ನರ್ತಕಿಯರು, ಯಂತ್ರದ ಚಕ್ರಗಳು ಕಲಸಿಹೋಗಿವೆ. ಗಂಡಸಿನ ತಲೆ ಹೆಣ್ಣಿನ ಮೈಮೇಲೆ ಕೂತಿದೆ. ದಾದಾ ಎಂಬ ಬಂಡಾಯ ಕಲಾಪಂಥದ 1920ರ ಬರ್ಲಿನ್ ಪ್ರದರ್ಶನದಿಂದ ಅವರನ್ನು ಹೊರಗಿಡಲು ಗೆಳೆಯರೇ ಪ್ರಯತ್ನಿಸಿದ್ದರು. ಬಂಡಾಯಗಾರರ ಗುಂಪಿನಲ್ಲಿಯೂ ಹೆಂಗಸಿಗೆ ಚಹಾ ಮಾಡುವ ಕೆಲಸ ಎಂಬುದು ಜಗತ್ತಿನಾದ್ಯಂತ ಒಂದೇ.

1926ರಿಂದ ಸುಮಾರು ಒಂಬತ್ತು ವರ್ಷ ಹ್ಯೋಖ್ ಡಚ್ ಲೇಖಕಿ ಟಿಲ್ ಬ್ರುಗ್ಮನ್ ಅವರೊಂದಿಗೆ ಸಂಗಾತಿಯಾಗಿ ಬಾಳಿದರು. ಆ ವರ್ಷಗಳ ಚಿತ್ರಗಳಲ್ಲಿ ಮುಖಗಳು ಇನ್ನಷ್ಟು ಬೆರೆಯುತ್ತವೆ. ಒಂದೇ ಮುಖದಲ್ಲಿ ಒಂದು ಕಣ್ಣು ಹೆಣ್ಣಿನದು, ಇನ್ನೊಂದು ಗಂಡಿನದು. ಅದನ್ನು ಕುಂಚದಿಂದ ಬರೆದಿದ್ದರೆ ಎರಡೂ ಬೆರೆತು ಮೂರನೆಯದೊಂದು ಮುಖವಾಗುತ್ತಿತ್ತು. ಕತ್ತರಿಸಿ ಅಂಟಿಸಿದ್ದರಿಂದ ಎರಡೂ ಬೆರೆಯದೆ, ಒಂದನ್ನೊಂದು ಬಿಡದೆ ಕೂತಿವೆ. ಹೊರಗೊಂದು, ಒಳಗೊಂದು ಎಂದು ಬದುಕಬೇಕಾಗಿ ಬಂದವರಿಗೆ ಇದನ್ನು ವಿವರಿಸಬೇಕಾಗಿಲ್ಲ. ನಾಜಿಗಳ ಕಾಲದಲ್ಲಿ ಹ್ಯೋಖ್ ಬರ್ಲಿನ್ನಿನ ಅಂಚಿನ ಒಂದು ಪುಟ್ಟ ಮನೆಗೆ ಸರಿದು, ತೋಟ ಮಾಡುತ್ತಾ, ಗೆಳೆಯರ ಮತ್ತು ತಮ್ಮ ಚಿತ್ರಗಳನ್ನು ಬಚ್ಚಿಟ್ಟು ಉಳಿಸಿದರು.

ಲಂಡನ್ನಿನ ಒಂದು ಪ್ರಸಂಗವನ್ನೂ ಹೇಳಿಬಿಡುತ್ತೇನೆ. ನಾಟಕಕಾರ ಜೋ ಆರ್ಟನ್ ಮತ್ತು ಅವರ ಸಂಗಾತಿ ಕೆನೆತ್ ಹ್ಯಾಲಿವೆಲ್ ಇಸ್ಲಿಂಗ್ಟನ್ ಗ್ರಂಥಾಲಯದ ಪುಸ್ತಕಗಳ ರಕ್ಷಾಪುಟಗಳಿಗೆ ತುಂಟ ಕೊಲಾಜ್‌ಗಳನ್ನು ಅಂಟಿಸಿ, ಸದ್ದಿಲ್ಲದೆ ಕಪಾಟಿನಲ್ಲಿ ಇಟ್ಟು ಬರುತ್ತಿದ್ದರು. 1962ರಲ್ಲಿ ಇಬ್ಬರಿಗೂ ಆರು ತಿಂಗಳ ಜೈಲು. ಈಗ ಆ ರಕ್ಷಾಪುಟಗಳನ್ನು ಅದೇ ಇಸ್ಲಿಂಗ್ಟನ್‌ನ ಸ್ಥಳೀಯ ಚರಿತ್ರೆಯ ಸಂಗ್ರಹ ಜೋಪಾನ ಮಾಡುತ್ತಿದೆ. ಕೆಡಿಸಿದ್ದು ಎಂದು ಬರೆದ ರಿಜಿಸ್ಟರು ಯಾವಾಗ ತಿರುಗಿ ಆಸ್ತಿ ಎಂದು ಬರೆಯುತ್ತದೋ ಹೇಳಲಾಗದು.

ನಮ್ಮ ದೇಶದಲ್ಲಿ ಈ ದಾರಿಯ ದೊಡ್ಡ ಹೆಸರು ಭೂಪೇನ್ ಖಖ್ಖರ್ (1934–2003). ಮುಂಬೈಯಲ್ಲಿ ಹುಟ್ಟಿ, ಚಾರ್ಟರ್ಡ್ ಅಕೌಂಟೆಂಟ್ ಆಗಿ, 1962ರಲ್ಲಿ ಬರೋಡಕ್ಕೆ ಹೋದವರು. 1960ರ ದಶಕದ ನಡುವೆ ಅವರು ಮಾಡಿದ ಮೊದಲ ಕೆಲಸಗಳು ಕೊಲಾಜ್‌ಗಳೇ. ಬೀದಿಯಲ್ಲಿ ಮಾರುವ ಅಗ್ಗದ ದೇವರ ಪಟಗಳನ್ನು ಕತ್ತರಿಸಿ ಅಂಟಿಸಿ, ಮೇಲೆ ಗೋಡೆಬರಹದಂತೆ ಗೀಚಿ, ಬಣ್ಣ ಬಳಿದರು. ಸುಶಿಕ್ಷಿತರು ಮೂಗು ಮುರಿಯುವ ಕ್ಯಾಲೆಂಡರ್ ಕಲೆಯನ್ನು ಗ್ಯಾಲರಿಯೊಳಗೆ ತಂದದ್ದು ಆಗ ಹೊಸತು. ಈ ಕ್ಯಾಲೆಂಡರ್ ಕಲೆಯಲ್ಲಿ ಕಲಬುರಗಿಯ ಎಸ್.ಎಂ. ಪಂಡಿತರ ಪಾಲೂ ದೊಡ್ಡದು ಎಂಬುದನ್ನು ನಮ್ಮವರೇ ಮರೆತಿದ್ದಾರೆ. ಮುಂದೆ ಖಖ್ಖರ್ ತೈಲವರ್ಣಕ್ಕೆ ತಿರುಗಿ ಕ್ಷೌರಿಕರನ್ನು, ಗಡಿಯಾರ ರಿಪೇರಿಯವರನ್ನು ಬರೆದರು. 1981ರಲ್ಲಿ ‘ಎಲ್ಲರನ್ನೂ ಮೆಚ್ಚಿಸಲಾಗದು’ ಎಂಬ ಚಿತ್ರದಲ್ಲಿ ಬಾಲ್ಕನಿಯಲ್ಲಿ ಬೆತ್ತಲೆ ನಿಂತು ಊರನ್ನು ನೋಡುವ ಗಂಡಸನ್ನು ಬರೆದು, ತಾನು ಯಾರೆಂದು ಹೇಳಿಯೇಬಿಟ್ಟರು. ಆ ಚಿತ್ರದ ಊರಿನಲ್ಲಿ ತಂದೆ, ಮಗ ಮತ್ತು ಕತ್ತೆಯ ಕತೆ ತುಂಡು ತುಂಡಾಗಿ ಅಲ್ಲಲ್ಲಿ ನಡೆಯುತ್ತಿರುತ್ತದೆ. ಕತ್ತರಿ ಕೈಬಿಟ್ಟಿದ್ದರೂ ಕೊಲಾಜಿನ ಬುದ್ಧಿ ಕೈಬಿಟ್ಟಿರಲಿಲ್ಲ. 2016ರಲ್ಲಿ ಲಂಡನ್ನಿನ ಟೇಟ್ ಮಾಡರ್ನ್ ಅವರ ದೊಡ್ಡ ಪ್ರದರ್ಶನ ನಡೆಸಿದಾಗ ಅದಕ್ಕೆ ಇದೇ ಹೆಸರಿಟ್ಟಿತು.

ಮತ್ತೆ ಕೌದಿಗೆ ಬರುತ್ತೇನೆ, ಈ ಸಲ ಅಮೆರಿಕದ ಕೌದಿಗೆ. 1980ರ ದಶಕದಲ್ಲಿ ಏಡ್ಸ್‌ನಿಂದ ಸತ್ತವರಲ್ಲಿ ಎಷ್ಟೋ ಮಂದಿ ಸಲಿಂಗಪ್ರೇಮಿ ಗಂಡಸರು. ಅಂತ್ಯಸಂಸ್ಕಾರಕ್ಕೆ ಸಂಗಾತಿಯನ್ನು ಕರೆಯದ, ಸಾವಿನ ಕಾರಣವನ್ನು ಮುಚ್ಚಿಟ್ಟ ಮನೆತನಗಳು ಬಹಳ ಇದ್ದವು. ಕ್ಲೀವ್ ಜೋನ್ಸ್ ಎಂಬ ಹೋರಾಟಗಾರನ ಯೋಚನೆಯಂತೆ ಗೆಳೆಯರು ಸತ್ತವರ ಹೆಸರಿನಲ್ಲಿ ಬಟ್ಟೆಯ ಫಲಕಗಳನ್ನು ಹೊಲಿಯತೊಡಗಿದರು. ಒಂದೊಂದು ಫಲಕ ಮೂರು ಅಡಿ ಅಗಲ, ಆರು ಅಡಿ ಉದ್ದ, ಸುಮಾರಾಗಿ ಒಂದು ಗೋರಿಯ ಅಳತೆ. ಸತ್ತವನ ಅಂಗಿ, ಜೀನ್ಸ್, ಟೈ, ಪತ್ರ, ಗೊಂಬೆ, ಸಿಕ್ಕಿದ್ದನ್ನೆಲ್ಲ ಅದಕ್ಕೆ ಹೊಲಿದರು. 1987ರ ಅಕ್ಟೋಬರ್ 11ರಂದು ವಾಷಿಂಗ್ಟನ್ನಿನ ಮೈದಾನದಲ್ಲಿ 1,920 ಫಲಕಗಳನ್ನು ಹಾಸಿದರು. ಈಗ ಸುಮಾರು 50,000 ಇವೆ, ತೂಕ 54 ಟನ್. ಫುಟ್ಬಾಲ್ ಮೈದಾನಕ್ಕಿಂತ ದೊಡ್ಡದಾದ ಕೌದಿಯನ್ನು ಹಾಸಿದ ಮೇಲೆ ನಡುವೆ ನಡೆದಾಡುವವರು ತಲೆ ತಗ್ಗಿಸಲೇಬೇಕು, ಯಾಕೆಂದರೆ ಹೆಸರುಗಳು ನೆಲದಲ್ಲಿವೆ.

ಧಾರವಾಡದಿಂದ ಬಸ್ಸಿನಲ್ಲಿ ಹೋಗಿಬರುವಷ್ಟು ದೂರದ ಹಳಿಯಾಳದ ಕಡೆ ಸಿದ್ದಿ ಹೆಂಗಸರು ಹೊಲಿಯುವ ಕೌದಿಗಳ ನಾಲ್ಕೂ ಮೂಲೆಗೆ ಮಡಚಿದ ಬಟ್ಟೆಯ ಪುಟ್ಟ ಹೂವಿರುತ್ತದೆ. ಅದಕ್ಕೆ ‘ಫುಲ’ ಎನ್ನುತ್ತಾರೆ. ಫುಲವಿಲ್ಲದ ಕೌದಿ ಬತ್ತಲೆ ಎಂಬ ಮಾತಿದೆ. ಅವರ ಹೊಲಿಗೆ ಹೊರಅಂಚಿನಿಂದ ಶುರುವಾಗಿ ಸುತ್ತುತ್ತಾ ನಡುವಿಗೆ ಬರುತ್ತದೆ. ನನ್ನ ಗೆಳೆಯರು ತಮ್ಮ ಚಿತ್ರವನ್ನು ಹೀಗೆಯೇ ಅಂಚಿನಿಂದ ಕಟ್ಟಿಕೊಂಡು ಬಂದರು. ನಡುವೆ ಏನಿರಬೇಕೆಂದು ಶುರುವಿನಲ್ಲಿ ಅವರಿಗೂ ಗೊತ್ತಿರಲಿಲ್ಲವಂತೆ.

ಇಷ್ಟು ಹೇಳಿದ ಮೇಲೆ ಒಂದು ಎಚ್ಚರಿಕೆಯನ್ನೂ ಹೇಳಬೇಕು. ಇತ್ತೀಚೆಗೆ ಹಳೆಯ ಫೋಟೊಗಳಲ್ಲಿ ಕ್ವಿಯರ್ ಬದುಕನ್ನು ಹುಡುಕುವ ಉತ್ಸಾಹ ಹೆಚ್ಚಿದೆ. ಹುಬ್ಬಳ್ಳಿ, ಗದಗಿನ ಹಳೆಯ ಸ್ಟುಡಿಯೊ ಫೋಟೊಗಳಲ್ಲಿ ಇಬ್ಬರು ಗಂಡಸರು ಬಣ್ಣದ ಪರದೆಯ ಮುಂದೆ ಕೈ ಕೈ ಹಿಡಿದು, ತೊಡೆಯ ಮೇಲೆ ಕೈಯಿಟ್ಟು ಕೂತಿರುವುದು ಧಾರಾಳವಾಗಿ ಸಿಗುತ್ತದೆ. ನಮ್ಮಲ್ಲಿ ಗೆಳೆಯರು ಹಾಗೆ ಕೂರುತ್ತಿದ್ದರು, ಈಗಲೂ ಸಂತೆಯಲ್ಲಿ ಕಿರುಬೆರಳು ಹಿಡಿದು ನಡೆಯುತ್ತಾರೆ. ಅವರನ್ನೆಲ್ಲ ಪ್ರೇಮಿಗಳೆಂದು ಸಾರುವುದು ತಪ್ಪು. ಯಾರೂ ಅಲ್ಲವೆಂದು ಆಣೆ ಇಡುವುದೂ ತಪ್ಪು. ನಾಟಕ ಕಂಪನಿಗಳ ಸ್ತ್ರೀಪಾತ್ರಧಾರಿಗಳ ವಿಷಯವೂ ಇದೇ. ಬಾಲಗಂಧರ್ವರು ಸೀರೆ ಉಟ್ಟ ರೀತಿಯನ್ನು ಗೃಹಿಣಿಯರು ಅನುಕರಿಸುತ್ತಿದ್ದರು, ಏಣಗಿ ಬಾಳಪ್ಪನವರು ಹರೆಯದಲ್ಲಿ ಸ್ತ್ರೀಪಾತ್ರಗಳಿಂದ ಹೆಸರಾದವರು. ಅದು ವೃತ್ತಿ, ಅದು ಕಲೆ. ಅದರಿಂದ ಅವರ ಒಳಬದುಕಿನ ಬಗ್ಗೆ ತೀರ್ಪು ಕೊಡಲು ನಮಗೆ ಅಧಿಕಾರವಿಲ್ಲ. ಆದರೆ ಆ ಪಾತ್ರಧಾರಿಯ ಫೋಟೊ ನೋಡಿ ಮುಂದಿನ ಸಾಲಿನಲ್ಲಿ ಕೂತ ಹುಡುಗನೊಬ್ಬನಿಗೆ ತನ್ನ ಬಗ್ಗೆ ಏನೋ ಹೊಳೆದಿರಬಹುದು. ಕೊಲಾಜ್ ಮಾತಾಡಬೇಕಾದದ್ದು ಆ ಹುಡುಗನ ಬಗ್ಗೆ.

ಜೋಗಪ್ಪಗಳ ವಿಷಯದಲ್ಲಿ ಇನ್ನೂ ಹುಷಾರಾಗಿರಬೇಕು. ಧಾರವಾಡದಿಂದ ನಲವತ್ತು ಕಿಲೋಮೀಟರಿನಷ್ಟು ದೂರದ ಸವದತ್ತಿಯ ಗುಡ್ಡದಲ್ಲಿ ಎಲ್ಲಮ್ಮನಿಗೆ ಮುತ್ತು ಕಟ್ಟಿಸಿಕೊಂಡು, ಸೀರೆ ಉಟ್ಟು, ಚೌಡಿಕೆ ವಾದ್ಯ ಹಿಡಿದು, ತಲೆಯ ಮೇಲೆ ದೇವಿಯ ಮೂರ್ತಿಯ ಜಗ ಹೊತ್ತು ನಡೆಯುವವರು ತಮ್ಮನ್ನು ದೇವಿ ಹಿಡಿದಿದ್ದಾಳೆ ಎನ್ನುತ್ತಾರೆ. ಕ್ವಿಯರ್ ಎಂಬ ಪದ ಅವರ ಬಾಯಿಯಿಂದ ಬಂದದ್ದಲ್ಲ. ಆ ಪರಂಪರೆಯ ಮಂಜಮ್ಮ ಜೋಗತಿ ಅವರು 2019ರಲ್ಲಿ ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷರಾದರು, 2021ರಲ್ಲಿ ಪದ್ಮಶ್ರೀ ಪಡೆಯುವಾಗ ರಾಷ್ಟ್ರಪತಿಯವರಿಗೆ ಸೆರಗಿನಿಂದ ದೃಷ್ಟಿ ತೆಗೆದರು. ಭಂಡಾರದ ಹಳದಿ ಮತ್ತು ಮುತ್ತಿನ ಸರ ಕ್ಯಾಮೆರಾಕ್ಕೆ ಬಹಳ ಚೆನ್ನಾಗಿ ಕಾಣುತ್ತವೆ ಎಂಬ ಕಾರಣಕ್ಕೆ ನಗರದ ಕಲಾವಿದರು ಅವನ್ನು ಕತ್ತರಿಸಿ ತಮ್ಮ ಚಿತ್ರಕ್ಕೆ ಅಂಟಿಸಿಕೊಂಡದ್ದನ್ನು ನೋಡಿದ್ದೇನೆ. ಹೊಟ್ಟೆಗಿಲ್ಲದೆ ಗುಡ್ಡ ಹತ್ತಿದವರ ಬದುಕು ಅಲ್ಲಿ ಬರೀ ಬಣ್ಣವಾಗಿತ್ತು. ಕೌದಿಯಲ್ಲಿ ತುಂಡು ಯಾರದೆಂದು ಗೊತ್ತಿರಬೇಕು ಎಂದೆನಲ್ಲ, ಆ ನಿಯಮ ಇಲ್ಲಿ ಮುರಿದಿತ್ತು.

ಹಾಗಾದರೆ ಕಂಪ್ಯೂಟರಿನಲ್ಲಿ ಮಾಡುವುದು? ಹುಬ್ಬಳ್ಳಿಯ ಸ್ಟುಡಿಯೊಗಳಲ್ಲಿ ತೀರಿಹೋದ ತಂದೆಯನ್ನು ಮಗಳ ಮದುವೆಯ ಫೋಟೊದಲ್ಲಿ ಕೂರಿಸಿಕೊಡುತ್ತಾರೆ. ಹೆಗಲ ಮೇಲೆ ಶಾಲು, ಮುಖದ ಮೇಲೆ ಅದೇ ಮಂಟಪದ ಬೆಳಕು. ನೋಡಿದ ತಾಯಿ ಅಳುತ್ತಾಳೆ. ಅದನ್ನು ನಾನು ಹಗುರವಾಗಿ ಕಾಣುವುದಿಲ್ಲ. ಆದರೆ ಅದು ಕಸೂತಿಯ ಕೆಲಸ, ಅಂಚು ಮುಚ್ಚಿಹೋಗುತ್ತದೆ, ಸಾವು ನಡೆದೇ ಇಲ್ಲವೆಂಬಂತೆ. ನನ್ನ ಗೆಳೆಯರಿಗೂ ಒಬ್ಬರು ಸಲಹೆ ಕೊಟ್ಟರು, ಮಾಮಾನ ಬೇರೆ ಫೋಟೊ ಸಿಕ್ಕರೆ ಆ ಜಾಗದಲ್ಲಿ ಕೂರಿಸಿಬಿಡಬಹುದು, ಗುರುತೇ ಸಿಗದಂತೆ. ಗೆಳೆಯರು ಒಪ್ಪಲಿಲ್ಲ. ಕತ್ತರಿಸಿದ್ದೇ ಮಾಮಾನ ಬಗ್ಗೆ ಉಳಿದಿರುವ ದೊಡ್ಡ ದಾಖಲೆ, ಅದನ್ನು ಮುಚ್ಚಿದರೆ ಕತ್ತರಿಸಿದವರಿಗೆ ಉಪಕಾರ ಮಾಡಿದಂತಾಗುತ್ತದೆ ಎಂಬುದು ಅವರ ವಾದ.

ಕೊಲಾಜ್ ಎದುರು ನಿಂತಾಗ ಮೊದಲು ಅಂಚುಗಳನ್ನು ನೋಡಿ. ಕತ್ತರಿಯಿಂದ ನಿಧಾನವಾಗಿ ಬಿಡಿಸಿದ್ದೋ, ಕೈಯಿಂದ ಹರಿದದ್ದೋ, ಸುಟ್ಟದ್ದೋ. ಹರಿದ ಅಂಚಿನಲ್ಲಿ ಕಾಗದದ ಬಿಳಿ ಹೊಟ್ಟೆ ಕಾಣುತ್ತದೆ, ಅಲ್ಲಿ ಆತುರವೋ ಸಿಟ್ಟೋ ಇದೆ. ಆಮೇಲೆ ಅಳತೆ. ದೇವಿಯ ಕೈ ಅಪ್ಪನ ತಲೆಗಿಂತ ದೊಡ್ಡದಿದ್ದರೆ ಅದು ತಪ್ಪಲ್ಲ, ಆ ಮನೆಯಲ್ಲಿ ಯಾರ ಮಾತು ನಡೆಯುತ್ತಿತ್ತು ಎಂಬುದರ ಲೆಕ್ಕ. ಕೊನೆಗೆ ಖಾಲಿ ಜಾಗ.

ಕಾಲವೂ ಈ ಚಿತ್ರಗಳ ಮೇಲೆ ಕೆಲಸ ಮಾಡುತ್ತದೆ. ಅಗ್ಗದ ಪತ್ರಿಕಾ ಕಾಗದದಲ್ಲಿ ಮರದ ಲಿಗ್ನಿನ್ ಉಳಿದಿರುತ್ತದೆ. ಬೆಳಕು ಮತ್ತು ಗಾಳಿಗೆ ಅದು ಹಳದಿಯಾಗಿ, ಕಂದಾಗಿ, ಮುಟ್ಟಿದರೆ ಮುರಿಯುವಂತಾಗುತ್ತದೆ. 1970–80ರ ದಶಕಗಳ ಬಣ್ಣದ ಫೋಟೊಗಳಲ್ಲಿ ನೀಲಿ ಅಂಶ ಮೊದಲು ಹೋಗುವುದರಿಂದ ಎಲ್ಲರ ಮುಖವೂ ಕೆಂಪಾಗುತ್ತದೆ. ಅದಕ್ಕಿಂತ ಹಳೆಯ ಕಪ್ಪು ಬಿಳುಪು ಫೋಟೊಗಳು ಬೆಳ್ಳಿಯ ಕಣಗಳಿಂದ ಆದವು, ಚೆನ್ನಾಗಿ ತೊಳೆದು ಮಾಡಿದ್ದರೆ ಗಟ್ಟಿಯಾಗಿ ನಿಲ್ಲುತ್ತವೆ. ಅಜ್ಜನ ಮುಖ ಸ್ಪಷ್ಟ, ನಮ್ಮ ಬಾಲ್ಯ ಮಾಸಲು. ಗೆಳೆಯರು ಮೂಲ ಫೋಟೊಗಳನ್ನು ಕತ್ತರಿಸುವುದಿಲ್ಲ. ಪ್ರತಿ ತೆಗೆದು ಪ್ರತಿಯನ್ನೇ ಕತ್ತರಿಸುತ್ತಾರೆ. ಆ ಮದುವೆಯ ಫೋಟೊ ಒಂದೇ ಇದಕ್ಕೆ ಹೊರತು, ಅದು ಹೇಗೂ ಮೊದಲೇ ಕತ್ತರಿಸಿದ್ದು. ಅಂಟಿಗೆ ಅಂಗಡಿಯ ಬಾಟಲಿಯ ಬದಲು ಗೋಧಿಯ ಪಿಷ್ಟ ಕುದಿಸಿ ಮಾಡಿದ ಸರಿ ಬಳಸುತ್ತಾರೆ. ಮುಂದೆ ಯಾರಾದರೂ ಬಿಡಿಸಬೇಕೆಂದರೆ ನೀರು ತಾಗಿಸಿ ಬಿಡಿಸಬಹುದು. ಹುಳದ ಕಾಟ ಇದೆ, ಅದಕ್ಕೆ ಗಾಜು.

ಕಾನೂನಿನ ಮಾತನ್ನು ಚಿಕ್ಕದಾಗಿ ಹೇಳುತ್ತೇನೆ. 377ನೇ ಕಲಮು 1860ರ ದಂಡಸಂಹಿತೆಯದು. 2018ರ ಸೆಪ್ಟೆಂಬರ್ 6ರಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ, ವಯಸ್ಕರ ಪರಸ್ಪರ ಒಪ್ಪಿಗೆಯ ಸಂಬಂಧ ಅಪರಾಧವಲ್ಲ ಎಂದಿತು. 2023ರ ಅಕ್ಟೋಬರ್ 17ರಂದು ಸಲಿಂಗ ವಿವಾಹಕ್ಕೆ ಮಾನ್ಯತೆ ಕೊಡಲು ಒಪ್ಪಲಿಲ್ಲ. ಅಂದರೆ ಗೆಳೆಯರು ಮತ್ತು ಅವರ ಸಂಗಾತಿ ಜೈಲಿಗೆ ಹೋಗುವುದಿಲ್ಲ, ಗಂಡ-ಹೆಂಡತಿಯ ಕಾಲಂನಲ್ಲಿ ಒಬ್ಬರ ಹೆಸರು ಇನ್ನೊಬ್ಬರ ಕಾಗದಪತ್ರದಲ್ಲಿ ಬರುವುದೂ ಇಲ್ಲ. ಜೊತೆಯಾಗಿ ಬಾಳಿದ್ದಕ್ಕೆ ಬಸ್ ಟಿಕೆಟ್, ಸಿನೆಮಾ ಟಿಕೆಟ್, ಒಂದೇ ಚೀಟಿಯಲ್ಲಿ ಬರೆದ ಕಿರಾಣಿ ಸಾಮಾನಿನ ಪಟ್ಟಿ ಇವೇ ಪುರಾವೆ. ಇನ್ನೊಬ್ಬರು ರದ್ದಿಗೆ ಹಾಕುವುದನ್ನು ಇವರು ಡಬ್ಬಿಯಲ್ಲಿ ಇಡುತ್ತಾರೆ.

ಚಿತ್ರ ಮುಗಿದ ದಿನ ಗೆಳೆಯರು ಅದನ್ನು ಗಾಜಿಗೆ ಹಾಕುವ ಮೊದಲು ಅವ್ವನಿಗೆ ತೋರಿಸಿದರು. ನಾನೂ ಇದ್ದೆ. ಅವರು ಕನ್ನಡಕ ಹಾಕಿಕೊಂಡು ಬಹಳ ಹೊತ್ತು ನೋಡಿದರು. ಚಂದ್ರಕಾಳಿಯ ತುಣುಕನ್ನು ಗುರುತು ಹಿಡಿದರು, ‘ಇದಕ್ಕೆ ಕತ್ತರಿ ಯಾಕೆ ಹಾಕಿದೆ’ ಎಂದು ಗದರಿದರು. ಕೊರೆದ ಜಾಗದ ಬಗ್ಗೆ ಏನೂ ಕೇಳಲಿಲ್ಲ, ಹೇಳಲೂ ಇಲ್ಲ. ಆಮೇಲೆ ತಮ್ಮ ಹೆಗಲ ಮೇಲಿದ್ದ ಆ ನಾಲ್ಕು ಬೆರಳಿನ ಹತ್ತಿರ ಬಗ್ಗಿ, ‘ಇಲ್ಲಿ ಅಂಟು ಸರಿಯಾಗಿ ಹಿಡಿದಿಲ್ಲ, ಕಾಗದ ಎದ್ದಿದೆ’ ಎಂದರು. ಹೆಬ್ಬೆರಳಿಗೆ ಸ್ವಲ್ಪ ಸರಿ ತೆಗೆದುಕೊಂಡು, ಬೆರಳುಗಳ ಮೇಲೆ ಒತ್ತಿ ಹಿಡಿದು, ಒಣಗುವವರೆಗೆ ಹಾಗೆಯೇ ಕೂತರು.